ಹತ್ತಿನ ಪಾಲು

ಕೇಶ್ವಾಪುರ, ಹುಬ್ಬಳ್ಳಿ
9 ಜೂನ್ 2024

ಎಡಿತ್ ಅಕ್ಕನವರಿಗೆ ಫೇಬಿಯ ವಂದನೆಗಳು.

ಹನ್ನೊಂದು ವರ್ಷದ ಮೇಲೆ ನನ್ನ ಅಕ್ಷರ ನೋಡಿ ಯಾರೋ ತೀರಿಕೊಂಡಿರಬೇಕೆಂದು ನೀವು ಈ ಕಾಗದವನ್ನು ಕೊನೆಯಿಂದ ಓದಲು ಹೊರಡುತ್ತೀರಿ. ಯಾರೂ ತೀರಿಕೊಂಡಿಲ್ಲ. ಮಾರ್ಚ್ ಹದಿನಾಲ್ಕಕ್ಕೆ ನಿಮ್ಮ ತಮ್ಮನಿಗೆ ಲಕ್ವಾ ಹೊಡೆಯಿತು. ಬಲಗೈ, ಬಲಗಾಲು ಬಿದ್ದಿವೆ. ಮಾತು ಹೋಗಿದೆ. ಇಪ್ಪತ್ತಮೂರು ದಿನ ಆಸ್ಪತ್ರೆಯಲ್ಲಿದ್ದು ಮನೆಗೆ ಬಂದರು. ನಿಮಗೆ ಆಗಲೇ ತಿಳಿಸಬೇಕಿತ್ತು. ನಿಮಗೀಗ ಫೋನಿನಲ್ಲಿ ಏನೂ ಕೇಳಿಸುವುದಿಲ್ಲ ಎಂದು ಮಗಳು ಲಿಡಿಯಾ ಹೇಳಿದಳು. ಬರೆಯೋಣವೆಂದರೆ ನನಗೆ ಕೈ ಬರಲಿಲ್ಲ. ಇದ್ದದ್ದನ್ನು ಇದ್ದ ಹಾಗೆ ಹೇಳುತ್ತಿದ್ದೇನೆ.

ಈಗ ಬರೆಯುವ ಕಾರಣ ಊಟ. ಅವರು ಉಣ್ಣುತ್ತಿಲ್ಲ. ನುಂಗಲು ಬರುತ್ತದೆ, ಪರೀಕ್ಷೆ ಮಾಡಿ ನೋಡಿದ್ದಾರೆ. "ಗಂಟಲಿಗೆ ಏನೂ ಆಗಿಲ್ರಿ ಮೇಡಂ, ಅವರಿಗೆ ಮನಸ್ಸಿಲ್ಲ" ಎಂದರು ಡಾಕ್ಟರು. ಐವತ್ತೆಂಟು ಕಿಲೋ ಇದ್ದವರು ನಲವತ್ತನಾಲ್ಕಕ್ಕೆ ಇಳಿದಿದ್ದಾರೆ. ಆಗಸ್ಟ್ ಹದಿನಾರಕ್ಕೆ ಮತ್ತೆ ತೋರಿಸಬೇಕು. ಅಷ್ಟರಲ್ಲಿ ನಲವತ್ತೆರಡಕ್ಕಿಂತ ಕೆಳಗೆ ಹೋದರೆ ಹೊಟ್ಟೆಗೆ ತೂತು ಮಾಡಿ ನಳಿಗೆ ಕೂರಿಸುತ್ತಾರಂತೆ. ಆಸ್ಪತ್ರೆಯಲ್ಲಿ ಮೂಗಿಗೆ ಹಾಕಿದ್ದ ನಳಿಗೆಯನ್ನು ಎಡಗೈಯಿಂದ ಎರಡು ಸಲ ಕಿತ್ತು ಹಾಕಿದರು. ಆಮೇಲೆ ಆ ಕೈಯನ್ನು ಮಂಚಕ್ಕೆ ಕಟ್ಟಿದರು. ನಾಲ್ಕು ದಿನ ಆ ಕಟ್ಟಿದ ಕೈ ನೋಡುತ್ತ ಕೂತೆ. ಇನ್ನೊಂದು ಸಲ ನೋಡುವ ಶಕ್ತಿ ನನ್ನಲ್ಲಿ ಇಲ್ಲ, ಅಕ್ಕಾ.

ಗಂಜಿ, ಮೊಸರನ್ನ, ಹಾಲಿನಲ್ಲಿ ನೆನೆಸಿದ ರೊಟ್ಟಿ, ಎಲ್ಲ ಆಯಿತು. ಮೂರು ಚಮಚೆಗೆ ಒಂದು ತಾಸು ಹಿಡಿಯುತ್ತದೆ. ಹೋದ ಭಾನುವಾರ ಲಿಡಿಯಾ ಬೆಳಗಾವಿಯಿಂದ ಬಂದವಳು, ನಾನು ಬೇಡವೆಂದರೂ ಉಪ್ಪಿಟ್ಟು ಮಾಡಿದಳು. ನಿಮಗೆ ಗೊತ್ತು, ನಮ್ಮ ಮನೆಯಲ್ಲಿ ನಲವತ್ತು ವರ್ಷದಿಂದ ಉಪ್ಪಿಟ್ಟು ಇಲ್ಲ. "ಬೋರ್ಡಿಂಗ್‌ನ್ಯಾಗ ತಿಂದದ್ದು ಸಾಕಾಗೇತಿ" ಎಂದು ಮದುವೆಯಾದ ವಾರದಲ್ಲೇ ಹೇಳಿದ್ದರು. ಮೊನ್ನೆ ವಾಸನೆಗೆ ತಾವಾಗಿಯೇ ಬಾಯಿ ತೆರೆದರು. ಒಂದು ತುತ್ತು ತಿಂದು, ತಟ್ಟೆ ಸರಿಸಿ, ನನ್ನ ಮುಖ ನೋಡಿ "ಬೋರ್ಡಿಂಗ್" ಎಂದರು. ಸ್ಪಷ್ಟವಾಗಿ ಅಂದರು.

ಈಗ ಅವರಿಗಿರುವುದು ಮೂರೇ ಮಾತು. "ಹೂಂ", "ಬೋರ್ಡಿಂಗ್", ಮತ್ತೆ "ಹತ್ತು". ಮಾತು ಕಲಿಸಲು ಬರುವ ಐಶ್ವರ್ಯಾ ಎಂಬ ಹುಡುಗಿ, ಲಕ್ವಾ ಆದವರಿಗೆ ಮೊದಲು ಅಂಕಿಗಳೇ ಮರಳುವುದುಂಟು, ಬಿಡಬೇಡಿರಿ, ಎಣಿಸಲು ಹಚ್ಚಿರಿ ಎಂದಿದ್ದಾಳೆ. ಮೂವತ್ತನಾಲ್ಕು ವರ್ಷ ಸಾಲಿಯಲ್ಲಿ ಲೆಕ್ಕ ಕಲಿಸಿದವಳಿಗೆ ಇದಕ್ಕಿಂತ ಏನು ಬೇಕು? ಪಾಟಿಯ ಮೇಲೆ ಒಂದರಿಂದ ಹತ್ತು ಬರೆದು ಎದುರಿಗೆ ಇಟ್ಟಿದ್ದೇನೆ. ಒಂಬತ್ತರವರೆಗೆ ನಾನು ಹೇಳಬೇಕು, ಹತ್ತು ಅವರು ಹೇಳುತ್ತಾರೆ.

ಅವರು ಸಣ್ಣವರಿದ್ದಾಗ ಆ ಬೋರ್ಡಿಂಗ್ ಅಡಿಗೆಮನೆಯಲ್ಲಿ ನೀವು ಉಪ್ಪಿಟ್ಟು ಹೇಗೆ ಮಾಡುತ್ತಿದ್ದಿರಿ? ಬರೆದು ಕಳಿಸಿರಿ. ಲಿಡಿಯಾಳ ಮದುವೆ ದಿನದ ಮಾತು ಈ ಕಾಗದದಲ್ಲಿ ಬೇಡ. ಅದನ್ನು ಬರೆಯಲು ಕೂತರೆ ಇದು ಟಪಾಲು ಡಬ್ಬಿ ಮುಟ್ಟುವುದಿಲ್ಲ.

ನಿಮ್ಮ
ಫೇಬಿ

*

ಕೆಲಗೇರಿ, ಧಾರವಾಡ
17 ಜೂನ್ 2024

ಫೇಬಿಗೆ,

ಕರ್ತನು ನಿನ್ನ ಕೈಗೆ ಬಲ ಕೊಡಲಿ.

ನನ್ನ ತಮ್ಮನ ಸುದ್ದಿ ನನಗೆ ಏಪ್ರಿಲ್ ಮೊದಲ ಭಾನುವಾರವೇ ತಿಳಿಯಿತು. ಆರಾಧನೆಯಲ್ಲಿ ಅಸ್ವಸ್ಥರ ಹೆಸರು ಓದಿದರಂತೆ. ನನಗೆ ಕೇಳಲಿಲ್ಲ. ಪಕ್ಕದಲ್ಲಿ ಕೂತವಳು ನನ್ನ ಅಂಗೈ ಮೇಲೆ ಬೆರಳಿನಿಂದ "ಟೈಟಸ್" ಎಂದು ಬರೆದಳು. ಅಂದಿನಿಂದ ನಿನ್ನ ಕಾಗದದ ದಾರಿ ನೋಡಿದೆ. ಹುಬ್ಬಳ್ಳಿಯಿಂದ ಧಾರವಾಡಕ್ಕೆ ಇಪ್ಪತ್ತು ಕಿಲೋಮೀಟರು. ನಿನ್ನ ಕಾಗದಕ್ಕೆ ಎರಡು ತಿಂಗಳು ಬೇಕಾಯಿತು.

ಉಪ್ಪಿಟ್ಟು ಕೇಳಿದ್ದೀ. ಬರೆದುಕೋ. ಎಂಬತ್ತು ಹುಡುಗರಿಗೆ ಮಾಡಿದ ಕೈ ಇದು, ಒಬ್ಬನಿಗೆ ಎಷ್ಟು ಎಂದು ನನಗೆ ತಿಳಿಯದು. ಲೆಕ್ಕದ ಟೀಚರ್ ನೀನು, ಭಾಗಿಸಿಕೋ.

ಆಗ ಪರದೇಶದಿಂದ ಚೀಲದಲ್ಲಿ ಹಳದಿ ರವಾ ಬರುತ್ತಿತ್ತು. ಗೋವಿನಜೋಳದ್ದು. ಹಾಲಿನ ಪುಡಿ, ತಗಡಿನ ಡಬ್ಬಿಯಲ್ಲಿ ಎಣ್ಣೆ ಕೂಡ ಬರುತ್ತಿದ್ದವು. ಅರ್ಧ ಚೀಲ ರವಾ ಎಣ್ಣೆಯಿಲ್ಲದೆ ಬಿಸಿ ಮಾಡಿ ತೆಗೆಯುವುದು. ಎಣ್ಣೆಗೆ ಸಾಸಿವೆ, ಬಾವಿಕಟ್ಟೆಯ ಗಿಡದ ಕರಿಬೇವು, ಹಸಿಮೆಣಸಿನಕಾಯಿ ಹನ್ನೆರಡು. ಹೌದು, ಎಂಬತ್ತು ಮಂದಿಗೆ ಹನ್ನೆರಡೇ. ಉಳ್ಳಾಗಡ್ಡಿ ಭಾನುವಾರ ಮಾತ್ರ. ಒಂದಕ್ಕೆ ಮೂರು ನೀರು, ಉಪ್ಪು. ಕುದ್ದ ಮೇಲೆ ಒಬ್ಬರು ಸುರಿಯಬೇಕು, ಒಬ್ಬರು ಹುಟ್ಟು ಹಾಕಿ ತಿರುವಬೇಕು. ಗಂಟಾದರೆ ಬೋರ್ಡಿಂಗ್ ನೋಡಿಕೊಳ್ಳುತ್ತಿದ್ದ ದೊಡ್ಡಮ್ಮ ಬೈಯುತ್ತಿದ್ದರು. ಅದು ಚಮಚೆಯಲ್ಲಿ ನಿಲ್ಲುವ ಉಪ್ಪಿಟ್ಟಲ್ಲ, ಜಾರುವ ಉಪ್ಪಿಟ್ಟು.

ಇದರಲ್ಲಿ ರುಚಿ ಎಂಬುದು ಏನೂ ಇಲ್ಲ. ಹಸಿದವನಿಗೆ ರುಚಿ ಬೇಡ, ನಿದ್ದೆ ಬಂದವನಿಗೆ ಹಾಸಿಗೆ ಬೇಡ.

ನನ್ನನ್ನು ಬಾ ಎಂದು ನೀನು ಕರೆದಿಲ್ಲ. ಕರೆಯದ್ದೇ ಒಳ್ಳೆಯದಾಯಿತು. ನನಗೀಗ ಕಿವಿಯಿಲ್ಲ, ಹಲ್ಲಿಲ್ಲ, ಮೊಣಕಾಲೂ ನನ್ನ ಮಾತು ಕೇಳುವುದಿಲ್ಲ.

ಎಡಿತ್

*

ಕೇಶ್ವಾಪುರ
28 ಜೂನ್ 2024

ಎಡಿತ್ ಅಕ್ಕನವರಿಗೆ,

ನಿಮ್ಮ ಕಾಗದ ಮುಟ್ಟಿತು. ಬೈದದ್ದೂ ಮುಟ್ಟಿತು.

ಗೋವಿನಜೋಳ ತಂದು ನೀಲಪ್ಪನ ಗಿರಣಿಗೆ ಒಯ್ದು ರವಾ ಒಡೆಸಿದೆ. "ಕೋಳಿಗೇನ್ರಿ, ಟೀಚರ್?" ಎಂದ. "ಇಲ್ಲಪಾ, ನಮ್ಮ ಮನಿಯವರಿಗೆ" ಎಂದೆ. ಪಾಪ, ಅವನು ಆಮೇಲೆ ತಲೆ ಎತ್ತಲಿಲ್ಲ.

ನಾಲ್ಕು ಸಲ ಮಾಡಿದೆ. ಮೊದಲ ಸಲ ಗಂಟು. ಎರಡನೆಯ ಸಲ ಜಾರುವ ಬದಲು ಹರಿಯಿತು. ಒಬ್ಬರು ಸುರಿಯಬೇಕು, ಒಬ್ಬರು ತಿರುವಬೇಕು ಎಂದು ಬರೆದಿದ್ದೀರಿ. ಇಲ್ಲಿ ಸುರಿಯುವವಳೂ ನಾನೇ, ತಿರುವುವವಳೂ ನಾನೇ, ನಡುವೆ ಒಳಗಿನಿಂದ ಗಂಟೆ ಬಾರಿಸಿದರೆ ಓಡುವವಳೂ ನಾನೇ. ಅವರ ಎಡಗೈಗೆ ಸಾಲಿಯ ಹಳೆಯ ಕೈಗಂಟೆ ಕೊಟ್ಟಿದ್ದೇನೆ. ಯಾಕೆ ಕೊಟ್ಟೆನೋ ಎನ್ನಿಸಿದೆ.

ಮೂರನೆಯ ಸಲ ಬಾಯಿ ತೆರೆದರು. ನಾಲ್ಕನೆಯ ಸಲ, ಅಂದರೆ ನಿನ್ನೆ, ಎರಡು ತುತ್ತು ಚೆನ್ನಾಗಿ ನುಂಗಿದರು. ನನಗೆ ಜೀವ ಬಂದಂತಾಯಿತು. ಆದರೆ ಮೂರನೆಯ ತುತ್ತಿಗೆ ತಟ್ಟೆಯನ್ನು ಸರಿಸಿ, ನಾನು ಪಕ್ಕದಲ್ಲಿಟ್ಟಿದ್ದ ಪಾತ್ರೆಯನ್ನು ಎಡಗೈಯಿಂದ ತಮ್ಮತ್ತ ಎಳೆದುಕೊಂಡರು. ಬಾಗಿಸಿ ಒಳಗೆ ನೋಡಿದರು. ಬೆರಳಿನಿಂದ ತಳ ಕೆರೆದರು. ಅದು ನಾನ್‌ಸ್ಟಿಕ್ ಪಾತ್ರೆ, ಕನ್ನಡಿಯ ಹಾಗಿತ್ತು. "ಹತ್ತು" ಎಂದರು. ನಾನು ರೂಢಿಯಂತೆ "ಹನ್ನೊಂದು" ಎಂದೆ. "ಹತ್ತು, ಹತ್ತು" ಎಂದರು. ಪಾಟಿ ತಂದು ತೋರಿಸಿದೆ. ಪಾಟಿಯನ್ನು ನೆಲಕ್ಕೆ ಒಗೆದು ಅಳತೊಡಗಿದರು.

ನನಗೆ ಸಿಟ್ಟು ಬಂತು. "ಮತ್ತ ಏನ್ ಬೇಕ್ರೀ ನಿಮಗ? ನಾನೂ ಮನುಷ್ಯಾಳ ಅದೇನಿ!" ಎಂದು ಕೂಗಿದೆ. ಮಂಚದ ಮೇಲಿನ ಮನುಷ್ಯನ ಮೇಲೆ ಕೂಗಿದೆ. ಆಮೇಲೆ ಅಡಿಗೆಮನೆಗೆ ಹೋಗಿ ಉಳಿದ ಉಪ್ಪಿಟ್ಟನ್ನು ಒಲೆಯ ಮುಂದೆ ನಿಂತುಕೊಂಡೇ ತಿಂದೆ. ಮಾರ್ಚಿನಿಂದ ನನ್ನ ಊಟ ಹೀಗೆ ನಿಂತುಕೊಂಡೇ ಆಗುತ್ತದೆ.

ನಲವತ್ತಮೂರು ಕಿಲೋ. ನಾನು ಏನು ಬಿಟ್ಟೆ, ಅಕ್ಕಾ? ನೀವು ಬರೆದದ್ದರಲ್ಲಿ ಏನೋ ಒಂದು ಇಲ್ಲ.

ಫೇಬಿ

*

ಕೇಶ್ವಾಪುರ
13 ಜುಲೈ 2024

ಎಡಿತ್ ಅಕ್ಕನವರಿಗೆ,

ಎರಡು ವಾರ ಕಳೆದರೂ ನಿಮ್ಮ ಉತ್ತರವಿಲ್ಲ. ನಾನು ಎಲ್ಲಿಂದ ಶುರು ಮಾಡಬೇಕಿತ್ತೋ ಅಲ್ಲಿಂದ ಮಾಡಿಲ್ಲ. ಅದಕ್ಕೇ ಉತ್ತರವಿಲ್ಲ ಎಂದು ತಿಳಿದುಕೊಂಡಿದ್ದೇನೆ.

ಲಿಡಿಯಾಳ ಮದುವೆಯ ಬೆಳಗ್ಗೆ ನೀವು ನಸುಕಿನಲ್ಲೆದ್ದು ಉಪ್ಪಿಟ್ಟು ಮಾಡಿ, ದೊಡ್ಡ ಪಾತ್ರೆಯನ್ನು ಟೆಂಪೋದಲ್ಲಿ ಇಟ್ಟುಕೊಂಡು ಧಾರವಾಡದಿಂದ ಬಂದಿರಿ. ಬೀಗರು ತಿಂಡಿಗೆ ಕೂತಿದ್ದರು. ನಾನು ಮುಚ್ಚಳ ತೆಗೆದು ನೋಡಿ, ಅವರಿಗೆಲ್ಲ ಕೇಳುವಂತೆ, "ಇದು ಅನಾಥ ಹುಡುಗರಿಗೆ ಹಾಕೋ ಉಪ್ಪಿಟ್ಟು, ಬೀಗರ ಮುಂದ ಇಡೂದಲ್ಲ" ಎಂದೆ. ಪಾತ್ರೆಯನ್ನು ಪೆಂಡಾಲ್ ಹಾಕಿದವರಿಗೆ ಕಳಿಸಿದೆ. ಆಗ ನಿಮ್ಮ ಕಿವಿ ಚೆನ್ನಾಗಿ ಕೇಳುತ್ತಿತ್ತು. ನಿಮ್ಮ ತಮ್ಮ ನನ್ನ ಪಕ್ಕದಲ್ಲಿ ನಿಂತಿದ್ದರು. ನೀವು ಪ್ರಾರ್ಥನೆ ಮುಗಿಯುವವರೆಗೆ ಇದ್ದು, ಊಟ ಮಾಡದೆ ಹೋದಿರಿ.

ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು. ಅದನ್ನು ಮಕ್ಕಳಿಗೆ ಹೇಳಿಕೊಟ್ಟವಳು ನಾನು. ಬೀಗರ ಮುಂದೆ ನಾಚಿಕೆಯಾಗಿ ಅಂದೆ. ಅದಕ್ಕಿಂತ ದೊಡ್ಡ ಕಾರಣ ಏನೂ ಇಲ್ಲ. ತಪ್ಪಾಯಿತು, ಅಕ್ಕಾ. ಹನ್ನೊಂದು ವರ್ಷದಿಂದ ಗೊತ್ತಿದೆ ತಪ್ಪೆಂದು.

ಇದನ್ನು ರವಾದ ಲೆಕ್ಕ ಕೇಳುವುದಕ್ಕಾಗಿ ಬರೆದದ್ದೆಂದು ನೀವು ತಿಳಿದರೆ ನಾನು ಇಲ್ಲವೆನ್ನಲಾರೆ. ಎರಡೂ ಖರೇ.

ಫೇಬಿ

*

ಕೆಲಗೇರಿ
20 ಜುಲೈ 2024

ಫೇಬಿ,

ಹತ್ತು ಅಂದರೆ ಅಂಕಿಯಲ್ಲ.

ನಿನ್ನ ಜೂನ್ ತಿಂಗಳ ಕಾಗದ ಓದಿದ ದಿನವೇ ನನಗೆ ತಿಳಿಯಿತು. ಪಾತ್ರೆಯ ತಳ ಕೆರೆದ ಎಂದು ಬರೆದಿದ್ದೆಯಲ್ಲ, ಆಗಲೇ. ಬರೆಯಲಿಲ್ಲ. ಅಲ್ಲಿ ಅವನು ಹಸಿದು ಕೂತಿದ್ದ. ಇಲ್ಲಿ ನಾನು, ಫೇಬಿ ತಪ್ಪು ಒಪ್ಪಿಕೊಳ್ಳಲಿ, ಆಮೇಲೆ ನೋಡೋಣ ಎಂದು ಕೂತೆ. ಎರಡು ಭಾನುವಾರ ಆರಾಧನೆಗೆ ಹೋಗಿ ಬಂದೆ, ಎರಡು ಸಲವೂ ಇದನ್ನು ಹೊಟ್ಟೆಯಲ್ಲಿ ಇಟ್ಟುಕೊಂಡೇ ಹೋದೆ. ನೀನು ಆಡಿದ ಮಾತು ಒಂದು ಬೆಳಗಿನದು. ನನ್ನದು ಹದಿನೆಂಟು ದಿನದ ಸಿಟ್ಟು. ಯಾರ ತಪ್ಪು ದೊಡ್ಡದು ಎಂದು ತೂಗಬೇಡ, ನನಗೆ ಗೊತ್ತಿದೆ.

ಈಗ ಕೇಳು. ಎಂಬತ್ತು ಹುಡುಗರಿಗೆ ಉಪ್ಪಿಟ್ಟು ಬೇಯುವ ಕಡಾಯಿಯ ತಳದಲ್ಲಿ ಒಂದು ಪದರು ಹತ್ತಿಕೊಳ್ಳುತ್ತಿತ್ತು. ಕಂದು ಬಣ್ಣ, ರೊಟ್ಟಿಯ ದಪ್ಪ. ತಳಕ್ಕೆ ಹತ್ತಿದ್ದು. ಹುಡುಗರ ಬಾಯಲ್ಲಿ ಅದು ಬರೀ "ಹತ್ತು" ಆಯಿತು. "ಇವತ್ತ ಹತ್ತು ಯಾರಿಗೆ?" ಎಂದು ಕಿಡಕಿಯಲ್ಲಿ ನಿಂತು ಕೇಳುತ್ತಿದ್ದರು. ಯಾರಿಗೂ ಇಲ್ಲ. ಅದು ಅಡಿಗೆಯವರದು. ಬಡಿಸಿ ಉಳಿದದ್ದನ್ನು ಅಡಿಗೆಯವರು ತಿನ್ನಬೇಕು ಎಂಬುದು ಅಲ್ಲಿಯ ನಿಯಮ. ಎಂಬತ್ತು ಹುಡುಗರು ಉಂಡ ಮೇಲೆ ಉಳಿಯುವುದು ತಳವೊಂದೇ.

ಅವ್ವ ತೀರಿಕೊಂಡ ವರ್ಷ ಅಪ್ಪ ತೀತುವನ್ನು ಅಲ್ಲಿ ಬಿಟ್ಟು ಹೋದ. ನಾನು ಅವನನ್ನು ಕರೆಯುತ್ತಿದ್ದುದು ತೀತು. ಉಳಿದ ಹುಡುಗರು ತೀಟೆ ಎನ್ನುತ್ತಿದ್ದರು, ಅದಕ್ಕೆ ದಿನಾ ಜಗಳ. ಅವನಿಗೆ ಏಳು, ನನಗೆ ಹದಿನೈದು. ಅವನಿರುವಲ್ಲಿ ಇರಬೇಕೆಂದು ನಾನು ಅದೇ ಅಡಿಗೆಮನೆಗೆ ಸೇರಿದೆ. ಅವನ ಪಾಲಿನ ಜಾರುವ ಉಪ್ಪಿಟ್ಟು ಅವನಿಗೆ ಸಾಲುತ್ತಿರಲಿಲ್ಲ. ಎಲ್ಲ ಹುಡುಗರೂ ಪ್ರಾರ್ಥನೆಗೆ ಹೋದ ಮೇಲೆ ಹಿಂದಿನ ಬಾಗಿಲಿಗೆ ಬರುತ್ತಿದ್ದ. ನಾನು ಖುರಪಿಯಿಂದ ನನ್ನ ಹತ್ತು ಕೆರೆದು ಕೊಡುತ್ತಿದ್ದೆ. ಅವನಿಗೆ ಆಗ ಮುಂದಿನ ಹಲ್ಲು ಬಿದ್ದಿದ್ದವು, ಅದೋ ಕಲ್ಲಿನ ಹಾಗೆ ಗಟ್ಟಿ. ಹಾಲಿನ ಪುಡಿ ಕದಡಿ, ಆ ಹಾಲಿನಲ್ಲಿ ಮುಳುಗಿಸಿ, "ಐವತ್ತರತನಕಾ ಎಣಸು, ಮೆತ್ತಗ ಆಕ್ಕೇತಿ" ಎನ್ನುತ್ತಿದ್ದೆ. ಎಣಿಸುತ್ತಿದ್ದ. ನಡುವೆ ಒಂದೆರಡು ಅಂಕಿ ಹಾರಿಸುತ್ತಿದ್ದ, ಕಳ್ಳ.

ದಿನವೂ ಅದನ್ನು ಮುರಿದು ಅರ್ಧ ನನ್ನ ಕಡೆ ಒಡ್ಡುತ್ತಿದ್ದ. "ನಂದ್ ಆಗೇತಿ, ನೀ ತಿನ್ನು" ಎನ್ನುತ್ತಿದ್ದೆ. ತಿನ್ನುತ್ತಿದ್ದ.

ಅವನು ನಿನಗೆ ಇದನ್ನು ಹೇಳಿಲ್ಲ ಎಂದು ಬೇಸರ ಮಾಡಿಕೊಳ್ಳಬೇಡ. ಗಂಡಸರು ಹೆಂಡತಿಗೆ ಎಲ್ಲ ಹೇಳಿದರೂ ಹಸಿವೆಯ ಸಂಗತಿ ಹೇಳುವುದಿಲ್ಲ.

ನಿನ್ನ ಕನ್ನಡಿಯಂಥ ಪಾತ್ರೆಯನ್ನು ಮೇಲಿಡು. ಕಬ್ಬಿಣದ ಕಡಾಯಿ ಬೇಕು, ದಪ್ಪ ತಳದ್ದು. ಉಪ್ಪಿಟ್ಟು ಆದ ಮೇಲೆ ಉರಿ ಸಣ್ಣಗೆ ಮಾಡಿ ಕಾಲು ತಾಸು ಮುಟ್ಟಬೇಡ. ಹುರಿದ ಶೇಂಗಾದ ಹಾಗೆ ವಾಸನೆ ಬಂದಾಗ ಇಳಿಸು. ಅದರ ಮುಂದೆ ಬರುವುದು ಬರೀ ಸೀದ ವಾಸನೆ, ಅದು ಯಾರಿಗೂ ಬೇಡ. ಹಾಲಿನಲ್ಲಿ ಚೆನ್ನಾಗಿ ನೆನೆಸಿಯೇ ಕೊಡು, ಗಂಟಲಿಗೆ ಸಿಕ್ಕೀತು.

ಎಡಿತ್

*

ಕೇಶ್ವಾಪುರ
3 ಆಗಸ್ಟ್ 2024

ಎಡಿತ್ ಅಕ್ಕನವರಿಗೆ,

ನಿಮ್ಮ ಕಾಗದವನ್ನು ಎರಡು ಸಲ ಓದಿ, ಪಾಟಿಯನ್ನು ಅಟ್ಟದ ಮೇಲೆ ಹಾಕಿದೆ. ಒಂದೂವರೆ ತಿಂಗಳು ಹಸಿದ ಮನುಷ್ಯನಿಗೆ ಮಗ್ಗಿ ಕಲಿಸಿದೆ ನಾನು. ಅವರು ಊಟ ಕೇಳುತ್ತಿದ್ದರು, ನಾನು ಶಾಬ್ಬಾಸ್ ಎನ್ನುತ್ತಿದ್ದೆ.

ಲಿಡಿಯಾಳನ್ನು ಒಂದು ದಿನ ಕೂರಿಸಿ, ಹಳೇ ಹುಬ್ಬಳ್ಳಿಗೆ ಹೋಗಿ ಹಳೆಯ ಪಾತ್ರೆ ಮಾರುವ ಅಬ್ದುಲಮಜೀದರ ಅಂಗಡಿ ಹುಡುಕಿದೆ. ತಳ ಹತ್ತುವ ಕಡಾಯಿ ಬೇಕು ಎಂದೆ. ಅವರು ಕನ್ನಡಕ ಮೇಲೇರಿಸಿ ನನ್ನನ್ನು ನೋಡಿದರು. "ಟೀಚರ್, ನಲವತ್ತು ವರ್ಷದಿಂದ ಅಂಗಡಿ ಇಟ್ಟೇನಿ. ಎಲ್ಲಾರೂ ತಳಾ ಹತ್ತಲಾರದ್ದು ಕೊಡ್ರಿ ಅಂತಾರ. ಹತ್ತೂದು ಕೊಡ್ರಿ ಅಂದವರು ನೀವೊಬ್ಬರ ನೋಡ್ರಿ" ಎಂದು ನಕ್ಕರು. ಕಾರಣ ಹೇಳಿದೆ. ನಗು ನಿಲ್ಲಿಸಿ ಒಳಗಿನಿಂದ ಒಂದು ಹಳೆಯ ಕಡಾಯಿ ತಂದು, ಗೋಣಿಯಿಂದ ತಾವೇ ಒರೆಸಿ ಕೊಟ್ಟರು.

ಕೆಡಿಸುವುದೂ ಇಷ್ಟು ಕಷ್ಟವೆಂದು ನನಗೆ ಗೊತ್ತಿರಲಿಲ್ಲ. ಸಂಸಾರಕ್ಕೆ ಬಂದಾಗಿನಿಂದ ಒಂದು ಪಾತ್ರೆಯ ತಳ ಹತ್ತಲು ಬಿಟ್ಟವಳಲ್ಲ ನಾನು. ಕೈ ತಾನಾಗಿಯೇ ಸವುಟಿನ ಕಡೆ ಹೋಗುತ್ತದೆ. ಕೊನೆಗೆ ಕೈ ಕಟ್ಟಿಕೊಂಡು ಹಿತ್ತಲ ಬಾಗಿಲಿನಲ್ಲಿ ನಿಂತೆ. ಮೊದಲ ಎರಡು ದಿನ ಸೀದೇ ಹೋಯಿತು. ಮೂರನೆಯ ದಿನ ನೀವು ಹೇಳಿದ ಶೇಂಗಾದ ವಾಸನೆ ಬಂತು. ಒಳಗಿನಿಂದ ಗಂಟೆ ಬಾರಿಸಿತು. ನಿಲ್ಲದೆ ಬಾರಿಸಿತು.

ಹಾಲಿನಲ್ಲಿ ನೆನೆಸಿ ತಟ್ಟೆಯಲ್ಲಿಟ್ಟೆ. ನೋಡಿದರು. ಬಹಳ ಹೊತ್ತು ನೋಡಿದರು. ಎಡಗೈಯಿಂದ ಮುರಿದು ಎರಡು ಮಾಡಿ, ಒಂದನ್ನು ತಟ್ಟೆಯ ಅಂಚಿಗೆ ಸರಿಸಿ, ಬಾಗಿಲ ಕಡೆ ನೋಡಿದರು. ನಿಮ್ಮ ಕಾಗದ ಓದಿದ್ದೆನಲ್ಲ, "ಅವರದು ಆಗೇತ್ರಿ, ನೀವು ತಿನ್ರಿ" ಎಂದೆ. ಬಾಯಿ ಬಿಗಿ ಹಿಡಿದರು. ಆ ಅರ್ಧವನ್ನು ನಾನು ತಿನ್ನಲು ಹೋದೆ, ತಟ್ಟೆಯ ಮೇಲೆ ಕೈ ಮುಚ್ಚಿದರು. ಆಮೇಲೆ "ಅಕ್ಕ" ಎಂದರು. ನಾಲ್ಕನೆಯ ಮಾತು.

"ಬರ್ತಾರ್ರಿ" ಎಂದುಬಿಟ್ಟೆ. ನಿಮ್ಮನ್ನು ಕೇಳದೆ ಅಂದೆ. ಆಗ ತಮ್ಮ ಅರ್ಧ ತಿಂದರು. ಒಂದು ತುಣುಕೂ ಬಿಡದೆ ತಿಂದು, ಹಾಲೂ ಕುಡಿದರು.

ಅಂದಿನಿಂದ ದಿನವೂ ಹೀಗೆ. ಅರ್ಧ ತಿನ್ನುತ್ತಾರೆ, ಅರ್ಧ ತೆಗೆದಿಡಿಸುತ್ತಾರೆ. ಡಬ್ಬಿಯಲ್ಲಿ ಆರು ತುಂಡು ಕೂತಿವೆ. ಎಸೆಯಲು ಹೋದರೆ ಗಂಟೆ ಬಾರಿಸುತ್ತಾರೆ. ನಿನ್ನೆ ಡಬ್ಬಿಯನ್ನೂ ಬಾಗಿಲನ್ನೂ ನೋಡಿ, ತಮ್ಮ ಅರ್ಧವನ್ನೂ ಅರ್ಧಕ್ಕೇ ಬಿಟ್ಟರು. ನನ್ನ ಮಾತಿನ ಮೇಲೆ ನಂಬಿಕೆ ಕಡಿಮೆಯಾಗುತ್ತಿದೆ. ಇವತ್ತು ಬೆಳಗ್ಗೆ ತೂಕ ನಲವತ್ತೆರಡಕ್ಕೆ ಸರಿಯಾಗಿ ನಿಂತಿದೆ. ಹದಿನಾರಕ್ಕೆ ಇನ್ನು ಹದಿಮೂರು ದಿನ.

ನಾನು ಸುಳ್ಳು ಹೇಳಿದ್ದೇನೆ, ಅಕ್ಕಾ. ನೀವು ಅದನ್ನು ಖರೇ ಮಾಡಬೇಕು. ನಾನೇ ಬಂದು ಕರೆದುಕೊಂಡು ಬರುವುದು ನ್ಯಾಯ, ಆದರೆ ಲಿಡಿಯಾ ಬೆಳಗಾವಿಗೆ ಮರಳಿದ್ದಾಳೆ, ಇವರನ್ನು ಬಿಟ್ಟು ಹೊಸಿಲು ದಾಟುವಂತಿಲ್ಲ. ಬರುವಿರಾ?

ನಿಮ್ಮ
ಫೇಬಿ

*

ಕೆಲಗೇರಿ
6 ಆಗಸ್ಟ್ 2024

ಫೇಬಿ,

ಅಂದರೆ ಆಗಲೂ ಅವನಿಗೆ ಗೊತ್ತಿತ್ತು, ನನ್ನ ಊಟ ಆಗಿರುತ್ತಿರಲಿಲ್ಲ ಎಂದು. ಗೊತ್ತಿದ್ದೂ ತಿಂದ. ಏಳು ವರ್ಷದ ಹುಡುಗನ ಹಸಿವೆ ಮತ್ತೇನು ಮಾಡೀತು.

ಶನಿವಾರ ಹತ್ತು ಗಂಟೆಯ ಬಸ್ಸು ಹತ್ತುತ್ತೇನೆ. ಮೊಣಕಾಲಿಗೆ ಹೇಳಿದ್ದೇನೆ. ಹಲ್ಲಿಲ್ಲದ ಬಾಯಿಗೆ ಅದು ಹೇಗೆ ಹೋಗುತ್ತದೋ, ಬಂದ ಮೇಲೆ ನೋಡೋಣ. ಆ ಆರು ತುಂಡು ಎಸೆ, ಹುಚ್ಚಿ. ನಾನು ಬೈದೆ ಎಂದು ಅವನಿಗೆ ಹೇಳು. ಹೊಸದು ಮಾಡು.

ಎಡಿತ್

*

ಕೇಶ್ವಾಪುರ
17 ಆಗಸ್ಟ್ 2024

ಪ್ರೀತಿಯ ಅಕ್ಕಾ,

ನಿನ್ನೆ ಆಸ್ಪತ್ರೆಗೆ ಹೋಗಿ ಬಂದೆವು. ನಲವತ್ತೆರಡೂ ಮುಕ್ಕಾಲು. "ಏನ್ ಕೊಡಾಕತ್ತೀರಿ ಮೇಡಂ?" ಎಂದು ಡಾಕ್ಟರು ಕೇಳಿದರು. ತಳ ಹತ್ತಿದ ಉಪ್ಪಿಟ್ಟು ಎಂದರೆ ನನ್ನನ್ನೇ ಮಂಚಕ್ಕೆ ಕಟ್ಟಿಯಾರು ಎಂದು, ರವಾ ಮತ್ತು ಹಾಲು ಎಂದೆ. ನಳಿಗೆಯ ಮಾತು ಸದ್ಯಕ್ಕೆ ಬಿಟ್ಟಿದ್ದಾರೆ. ಮುಂದಿನ ತಿಂಗಳು ಮತ್ತೆ ತೂಗುತ್ತಾರೆ. ಇದು ಗೆದ್ದಂತಲ್ಲ, ಗೊತ್ತಿದೆ. ಬಲಗೈ ಹಾಗೇ ಇದೆ. ನನ್ನ ಸೊಂಟವೂ ಹಾಗೇ ಇದೆ. ರಾತ್ರಿಗೆ ನಾಲ್ಕು ಸಲ ಹೊರಳಿಸುವುದು ತಪ್ಪಿಲ್ಲ.

ಇದಿಷ್ಟನ್ನೇ ಹೇಳುವುದಾಗಿದ್ದರೆ ಒಂದು ಕಾರ್ಡು ಸಾಕಿತ್ತು. ಇನ್ನೊಂದು ಮಾತು ಇದೆ. ನೀವು ಹೋದ ದಿನದಿಂದ ಅದು ನನ್ನನ್ನು ಕೊರೆಯುತ್ತಿದೆ.

ಶನಿವಾರ ನಾನು ಕಡಾಯಿ ಕೆರೆದು, ತುಂಡನ್ನು ತಟ್ಟೆಯಲ್ಲಿಟ್ಟು, ಹಾಲಿನ ಬಟ್ಟಲು ಪಕ್ಕದಲ್ಲಿಟ್ಟೆ. ನೀವು ಕೈ ತೊಳೆಯಲು ಬಚ್ಚಲಿಗೆ ಹೋದಿರಿ. ನಿಮ್ಮ ಮೊಣಕಾಲಿಗೆ ಆ ಎರಡು ಮೆಟ್ಟಿಲು ಇಳಿದು ಹತ್ತಲು ಹೊತ್ತು ಹಿಡಿಯಿತು. ನೀವು ಬಂದು ಕೂತಾಗ ನಿಮ್ಮ ಅರ್ಧ ಹಾಲಿನಲ್ಲಿ ಮೆತ್ತಗಾಗಿತ್ತು. ನೀವು ಬಾಯಿಗೆ ಹಾಕಿಕೊಂಡಿರಿ. ಆಗ ಅವರು ತಮ್ಮದನ್ನು ಪೂರ್ತಿ ತಿಂದರು. ಮತ್ತೊಂದು ತುಂಡು ಕೇಳಿ ತಿಂದರು. ನೀವು ನನ್ನ ಗಲ್ಲ ಹಿಡಿದು, ಕಿವಿ ಕೇಳದವರು ಮಾತಾಡುವಷ್ಟು ಜೋರಾಗಿ, "ನನ್ನ ಬಾಯಾಗ ಹಲ್ಲಿಲ್ಲಂತ ನೆನಪಿಟ್ಟು ನೆನಸೀಯಲ್ಲಾ ಫೇಬಿ, ಛಲೋ ಮಾಡ್ದಿ ನನ್ನವ್ವ" ಎಂದಿರಿ. ನಾನು ತಲೆಯಾಡಿಸಿದೆ.

ಹನ್ನೊಂದು ವರ್ಷದ ಮೇಲೆ ನಿಮ್ಮ ಬಾಯಿಂದ ಬಂದ ಒಳ್ಳೆಯ ಮಾತು. ಮಾರ್ಚಿನಿಂದ ನನಗೆ ಯಾರೂ ಛಲೋ ಮಾಡಿದಿ ಎಂದಿರಲಿಲ್ಲ. ಅದನ್ನು ಹಿಂದಕ್ಕೆ ಕೊಡಲು ಮನಸ್ಸಾಗಲಿಲ್ಲ. ಆ ದಿನ ಇಡೀ ಅದನ್ನು ಇಟ್ಟುಕೊಂಡೆ, ಈ ವಾರ ಪೂರ್ತಿ ಇಟ್ಟುಕೊಂಡೆ. ಆದರೆ ಅದು ನನ್ನದಲ್ಲ. ನೆನೆಸಿದ್ದು ನಾನಲ್ಲ.

ನೀವು ಬಚ್ಚಲಿಗೆ ಎದ್ದು ಹೋದ ಕೂಡಲೇ ಅವರು ತುಂಡು ಮುರಿದರು. ನಿಮ್ಮ ಅರ್ಧವನ್ನು ಎಡಗೈಯಿಂದ ಎತ್ತಿ ಹಾಲಿಗೆ ಹಾಕಲು ಹೋದರು. ಜಾರಿ ಹಾಸಿಗೆಯ ಮೇಲೆ ಬಿತ್ತು. ನಾನು ಎತ್ತಿಕೊಡಲು ಮುಂದೆ ಬಂದೆ. ಬೇಡವೆಂದು ತಲೆಯಾಡಿಸಿ ತಾವೇ ಹುಡುಕಿ ಎತ್ತಿ, ಹಾಲಿನಲ್ಲಿ ಬಿಟ್ಟು, ಒಂದು ಬೆರಳಿನಿಂದ ಮುಳುಗಿಸಿ ಹಿಡಿದರು. ಬಚ್ಚಲ ಬಾಗಿಲ ಕಡೆಗೇ ನೋಡುತ್ತಿದ್ದರು. ತುಟಿ ಆಡುತ್ತಿದ್ದವು. ದನಿ ಇರಲಿಲ್ಲ.

ಮೂವತ್ತನಾಲ್ಕು ವರ್ಷ ಮಕ್ಕಳ ಮುಂದೆ ನಿಂತವಳು ನಾನು, ಬಾಯೊಳಗೆ ಎಣಿಸುವ ಹುಡುಗನ ತುಟಿ ಹೇಗಿರುತ್ತದೆಂದು ನನಗೆ ಗೊತ್ತು. ನಡುವೆ ಹಾರಿಸಿದರೋ ಏನೋ, ಹೇಳಲಾರೆ. ನೀವು ಬಂದು ಪಕ್ಕದಲ್ಲಿ ಕೂರುವವರೆಗೆ ಎಣಿಸುತ್ತಲೇ ಇದ್ದರು.

ನಿಮ್ಮ
ಫೇಬಿ